ಇಸ್ರಾಯೇಲಿನ ಪ್ರವಾದಿಗಳು: ನುಡಿಯೂ ಅದರ ಬೆಲೆಯೂ

ಬೆನ್ಯಾಮೀನ ಕುಲದ ಕೀಷನೆಂಬ ಸ್ಥಿತಿವಂತನ ಕತ್ತೆಗಳು ಕಳೆದುಹೋದವು. ಅವನ್ನು ಅರಸಿಕೊಂಡು ಮಗ ಸೌಲನೂ ಮನೆಯ ಆಳೊಬ್ಬನೂ ಹೊರಟರು. ಬೆಟ್ಟಸೀಮೆಯನ್ನೆಲ್ಲ ಸುತ್ತಿದರೂ ಕತ್ತೆಗಳ ಸುಳಿವು ಸಿಗಲಿಲ್ಲ. ತಂದೆ ಇಷ್ಟು ಹೊತ್ತಿಗೆ ಕತ್ತೆಗಳ ಚಿಂತೆ ಬಿಟ್ಟು ಮಗನ ಚಿಂತೆಗೆ ಬಿದ್ದಿರುತ್ತಾನೆ, ಹಿಂದಿರುಗುವುದೇ ಲೇಸು ಎಂದು ಸೌಲನಿಗೆ ತೋರಿತು. ಆಗ ಆಳು, ಹತ್ತಿರದ ಊರಿನಲ್ಲಿ ದೇವರ ಮನುಷ್ಯನೊಬ್ಬನಿರುವುದನ್ನು ನೆನಪಿಸಿದನು. ಅಂಥವನ ಬಳಿಗೆ ಬರಿಗೈಯಲ್ಲಿ ಹೋಗುವಂತಿಲ್ಲ. ಬುತ್ತಿಯ ರೊಟ್ಟಿಯೂ ಮುಗಿದಿತ್ತು. ಕೊನೆಗೆ ಆಳಿನ ಬಳಿಯಿದ್ದ ಕಾಲು ಶೆಕೆಲ್ ಬೆಳ್ಳಿಯನ್ನು ಕಾಣಿಕೆಯಾಗಿ ಒಪ್ಪಿಸುವುದೆಂದು ನಿಶ್ಚಯವಾಯಿತು. ಇಂದಿನ ತೂಕದಲ್ಲಿ ಅದು ಸುಮಾರು 3 ಗ್ರಾಂ.

ಹೀಬ್ರೂ ಬೈಬಲಿನ ಸಮುವೇಲನ ಮೊದಲನೆಯ ಗ್ರಂಥದಲ್ಲಿ ಬರುವ ಈ ಪ್ರಸಂಗ ಇಸ್ರಾಯೇಲಿನ ಮೊದಲ ಅರಸನ ಕಥೆಯ ಆರಂಭ. ಕತ್ತೆಗಳನ್ನು ಹುಡುಕಲು ಹೋದವನ ತಲೆಯ ಮೇಲೆ ಸಮುವೇಲನು ಮರುದಿನ ಎಣ್ಣೆ ಹೊಯ್ದು ಅವನನ್ನು ರಾಜ್ಯಕ್ಕೆ ಅಭಿಷೇಕಿಸುತ್ತಾನೆ. ಕಥೆಯ ನಡುವೆ ಗ್ರಂಥಕಾರನು ಒಂದು ಟಿಪ್ಪಣಿಯನ್ನು ಸೇರಿಸಿದ್ದಾನೆ: ತನ್ನ ಕಾಲದಲ್ಲಿ ಪ್ರವಾದಿ ಎನಿಸಿಕೊಳ್ಳುವವನನ್ನು ಹಿಂದಿನವರು ‘ಕಾಣುವವನು’ ಎಂದು ಕರೆಯುತ್ತಿದ್ದರಂತೆ. ಟಿಪ್ಪಣಿ ಚಿಕ್ಕದಾದರೂ ಅದರಲ್ಲಿ ಒಂದು ದೀರ್ಘ ಇತಿಹಾಸ ಅಡಗಿದೆ. ಕಳೆದುಹೋದ ಒಡವೆ-ದನಕರುಗಳನ್ನು ಕಂಡು ಹೇಳಿ ಕಾಣಿಕೆ ಪಡೆಯುವ ಕಣಿಯ ವೃತ್ತಿಯಿಂದ, ಅರಸನ ಎದುರು ನಿಂತು ಅವನ ಅನ್ಯಾಯವನ್ನು ಎತ್ತಿ ಆಡುವ ಪ್ರವಾದಿಧರ್ಮದವರೆಗೆ ಇಸ್ರಾಯೇಲರು ಕೆಲವು ಶತಮಾನಗಳ ದಾರಿಯನ್ನು ಸವೆಸಿದರು. ಆ ದಾರಿಯುದ್ದಕ್ಕೂ ಒಂದು ಪ್ರಶ್ನೆ ಅವರನ್ನು ಕಾಡಿತು. ಒಬ್ಬನೇ ದೇವರ ಹೆಸರಿನಲ್ಲಿ ಇಬ್ಬರು ಎರಡು ಬಗೆಯಾಗಿ ನುಡಿದರೆ ಯಾರನ್ನು ನಂಬಬೇಕು?

ಕನ್ನಡದಲ್ಲಿ ‘ಪ್ರವಾದಿ’ ಎಂದೊಡನೆ ಮುಂದಾಗುವುದನ್ನು ಹೇಳುವವನು ಎಂಬ ಭಾವನೆ ಮೂಡುವುದುಂಟು. ಮೂಲದ ಹೀಬ್ರೂ ಶಬ್ದ ‘ನಬೀ’. ಅಕ್ಕಾಡಿಯನ್ ಭಾಷೆಯಲ್ಲಿ ಕರೆ, ಹೆಸರಿಸು ಎಂಬರ್ಥವುಳ್ಳ ‘ನಬೂ’ ಧಾತುವಿನೊಂದಿಗೆ ವಿದ್ವಾಂಸರು ಇದನ್ನು ಜೋಡಿಸುತ್ತಾರೆ. ಕರೆಗೆ ಒಳಗಾದವನು ಎಂದೂ ಕರೆದು ಸಾರುವವನು ಎಂದೂ ಅದನ್ನು ಅರ್ಥೈಸಿರುವುದುಂಟು. ವಿಮೋಚನಕಾಂಡದಲ್ಲಿ ಈ ಶಬ್ದದ ಅರ್ಥವನ್ನು ಬಿಡಿಸಿ ತೋರಿಸುವ ಒಂದು ಸಂದರ್ಭವಿದೆ. ಫರೋಹನ ಮುಂದೆ ಮಾತನಾಡಲು ಮೋಶೆ ಹಿಂಜರಿದಾಗ, ಅಣ್ಣನಾದ ಆರೋನನೇ ಅವನ ನಬೀ ಆಗುವನೆಂದು ದೇವರು ಹೇಳುತ್ತಾನೆ. ಅಂದರೆ ಇನ್ನೊಬ್ಬನ ಬಾಯಾಗಿ ನಿಲ್ಲುವವನೇ ನಬೀ. ಅದನ್ನು ಗ್ರೀಕಿಗೆ ತಂದವರು ಬಳಸಿದ ‘ಪ್ರೊಫೇತೇಸ್’ ಎಂಬ ಶಬ್ದಕ್ಕೂ ಮತ್ತೊಬ್ಬರ ಪರವಾಗಿ ನುಡಿಯುವವನು ಎಂಬ ಅರ್ಥವೇ ಮುಖ್ಯ. ‘ಪ್ರ’ ಉಪಸರ್ಗವೂ ‘ವದ್’ ಧಾತುವೂ ಕೂಡಿದ ‘ಪ್ರವಾದಿ’ಯಲ್ಲಿಯೂ ಇರುವುದು ನುಡಿಯೇ ಹೊರತು ಭವಿಷ್ಯವಲ್ಲ.

ದೇವರ ಬಾಯಾಗಿ ನಿಲ್ಲುವ ಇಂಥವರು ಇಸ್ರಾಯೇಲಿನಲ್ಲಿ ಮಾತ್ರ ಇದ್ದರೆಂದು ಭಾವಿಸಬೇಕಾಗಿಲ್ಲ. ಸಿರಿಯಾದ ಯೂಫ್ರಟೀಸ್ ದಂಡೆಯ ಮಾರಿ ಪಟ್ಟಣದಲ್ಲಿ 1933ರಿಂದ ನಡೆದ ಉತ್ಖನನದಲ್ಲಿ ಕ್ರಿ.ಪೂ. 18ನೆಯ ಶತಮಾನದ ಸಾವಿರಾರು ಮಣ್ಣಿನ ಹಲಗೆಗಳು ದೊರೆತವು. ಅಲ್ಲಿನ ಅರಸ ಜಿಮ್ರಿಲಿಮನಿಗೆ ಅಧಿಕಾರಿಗಳು ಬರೆದ ಪತ್ರಗಳಲ್ಲಿ, ದೇವಾಲಯಗಳಲ್ಲಿ ಮೈದುಂಬಿ ನುಡಿದ ಸ್ತ್ರೀಪುರುಷರ ಮಾತುಗಳ ವರದಿಗಳಿವೆ. ಕೆಲವೊಮ್ಮೆ ಪತ್ರದೊಂದಿಗೆ ಹಾಗೆ ನುಡಿದವರ ತಲೆಗೂದಲಿನ ಎಳೆಯನ್ನೂ ಉಡುಪಿನ ಅಂಚಿನ ತುಣುಕನ್ನೂ ಕಳುಹಿಸಲಾಗುತ್ತಿತ್ತು. ಶಕುನ ನೋಡಿ ಆ ನುಡಿ ಎಷ್ಟು ನಂಬತಕ್ಕದ್ದೆಂದು ನಿರ್ಣಯಿಸುವುದಕ್ಕಾಗಿ. ನಿನೆವೆಯ ಅರಮನೆಯ ಕಡತಗಳಲ್ಲಿ ಅಸ್ಸೀರಿಯದ ಅರಸ ಎಸರ್‌ಹದ್ದೋನನಿಗೆ ಇಷ್ತಾರ್ ದೇವತೆಯ ಪ್ರವಾದಿನಿಯರು ನೀಡಿದ ಅಭಯವಚನಗಳು ಉಳಿದಿವೆ. ಜೋರ್ಡನ್ನಿನ ದೇರ್ ಅಲ್ಲಾದಲ್ಲಿ 1967ರಲ್ಲಿ ಕಂಡುಬಂದ, ಗೋಡೆಯ ಗಾರೆಯ ಮೇಲಿನ ಬರಹವು ಬೆಯೋರನ ಮಗನಾದ ಬಿಳಾಮನೆಂಬ ದ್ರಷ್ಟಾರನನ್ನು ಹೆಸರಿಸುತ್ತದೆ. ಬೈಬಲಿನ ಅರಣ್ಯಕಾಂಡದಲ್ಲಿ ಇಸ್ರಾಯೇಲರನ್ನು ಶಪಿಸಲು ಕೂಲಿಗೆ ಕರೆತರಲ್ಪಟ್ಟವನೂ ಅದೇ ಬಿಳಾಮನೇ.

ಮಾರಿಯ ಪತ್ರಗಳಲ್ಲೊಂದು, ಅನ್ಯಾಯಕ್ಕೊಳಗಾಗಿ ಮೊರೆಯಿಟ್ಟವರ ವ್ಯಾಜ್ಯವನ್ನು ಅರಸನು ವಿಚಾರಿಸಬೇಕೆಂದು ಅಲೆಪ್ಪೊದ ದೇವತೆಯ ಹೆಸರಿನಲ್ಲಿ ಆಗ್ರಹಿಸುತ್ತದೆ. ಆದುದರಿಂದ ನ್ಯಾಯದ ಮಾತೂ ಕೇವಲ ಇಸ್ರಾಯೇಲಿನ ಸ್ವತ್ತಲ್ಲ. ಆದರೂ ಮಾರಿಯಲ್ಲಾಗಲಿ ನಿನೆವೆಯಲ್ಲಾಗಲಿ ಪ್ರವಾದಿಯ ನುಡಿ ಅರಮನೆಯ ಕಡತವನ್ನು ಸೇರಿತು. ಅರಸನ ಗೆಲುವು, ದೇವಾಲಯದ ದತ್ತಿ, ಸಿಂಹಾಸನದ ಭದ್ರತೆ ಅದರ ಬಹುಭಾಗ. ಇಸ್ರಾಯೇಲಿನಲ್ಲಿ ಹಾಗಲ್ಲ. ಅಲ್ಲಿ ಅರಸನು ಸುಟ್ಟ ನುಡಿಯೇ ಶಾಸ್ತ್ರವಾಯಿತು.

ಇದಕ್ಕೆ ಪೀಠಿಕೆಯೆಂಬಂತೆ ಎರಡು ಪ್ರಸಂಗಗಳಿವೆ. ದಾವೀದನು ತನ್ನ ಯೋಧನೊಬ್ಬನ ಹೆಂಡತಿಯನ್ನು ಬಯಸಿ, ಆ ಯೋಧನನ್ನು ಯುದ್ಧದ ಮುಂಚೂಣಿಯಲ್ಲಿ ನಿಲ್ಲಿಸಿ ಕೊಲ್ಲಿಸಿದ. ಆಗ ನಾತಾನನು ಅರಸನ ಬಳಿಗೆ ಬಂದು, ಬಡವನೊಬ್ಬ ಮಗಳಂತೆ ಸಾಕಿದ್ದ ಒಂದೇ ಒಂದು ಕುರಿಮರಿಯನ್ನು ಸಿರಿವಂತನೊಬ್ಬ ಅತಿಥಿಯ ಊಟಕ್ಕೆಂದು ಕಿತ್ತುಕೊಂಡ ಕಥೆಯನ್ನು ಹೇಳಿದ. ಕೋಪಗೊಂಡ ದಾವೀದನು ತೀರ್ಪು ಕೊಟ್ಟನು. ಆ ಸಿರಿವಂತ ನೀನೇ ಎಂದು ನಾತಾನನು ತೋರಿಸಿಕೊಟ್ಟನು. ಇನ್ನೊಂದು, ಇಜ್ರೇಲಿನ ನಾಬೋತನ ದ್ರಾಕ್ಷಿತೋಟದ ಕಥೆ. ಅರಮನೆಗೆ ಹೊಂದಿಕೊಂಡಿದ್ದ ಆ ತೋಟವನ್ನು ಅಹಾಬನು ಬೆಲೆಗೆ ಕೇಳಿದನು. ಪಿತ್ರಾರ್ಜಿತ ನೆಲವನ್ನು ಮಾರಲಾರೆನೆಂದು ನಾಬೋತನು ಹೇಳಿದಾಗ, ರಾಣಿ ಈಜೆಬೆಲಳು ಸುಳ್ಳುಸಾಕ್ಷಿಗಳನ್ನು ನಿಲ್ಲಿಸಿ ಅವನನ್ನು ಕಲ್ಲೆಸೆದು ಕೊಲ್ಲಿಸಿದಳು. ತೋಟದ ಸ್ವಾಧೀನಕ್ಕೆ ಹೊರಟ ಅರಸನಿಗೆ ಅಲ್ಲಿಯೇ ಎದುರಾದವನು ಎಲೀಯ. ಎರಡೂ ಕಡೆ ಅರಸನ ಮೇಲೆ ಬಂದ ಆರೋಪ ಪೂಜಾವಿಧಿಯ ಲೋಪವಲ್ಲ. ಒಬ್ಬ ಸಾಮಾನ್ಯ ಪ್ರಜೆಯ ಪ್ರಾಣ, ಸಂಸಾರ, ನೆಲ. ನೆಲವೂ ಧರ್ಮವೂ ಅರಸನಿಗಿಂತ ಮೇಲಿನವನೊಬ್ಬನ ಸ್ವತ್ತು ಎಂಬ ನಂಬಿಕೆಯೇ ಪ್ರವಾದಿ ನಿಂತ ನೆಲೆ.

ಅರಸರೇನೂ ಪ್ರವಾದಿಗಳಿಲ್ಲದೆ ಇರಲಿಲ್ಲ. ರಾಮೋತ್‌ಗಿಲ್ಯಾದಿನ ಮೇಲೆ ದಂಡೆತ್ತುವ ಮುನ್ನ ಇದೇ ಅಹಾಬನು ಸುಮಾರು 400 ಮಂದಿ ಪ್ರವಾದಿಗಳನ್ನು ಕರೆಸಿ ಕೇಳಿದನೆಂದು ಅರಸುಗಳ ಗ್ರಂಥ ಹೇಳುತ್ತದೆ. ಎಲ್ಲರೂ ಒಕ್ಕೊರಲಿನಿಂದ ಗೆಲುವನ್ನು ನುಡಿದರು. ಅವರಲ್ಲೊಬ್ಬ ಕಬ್ಬಿಣದ ಕೊಂಬುಗಳನ್ನು ಮಾಡಿಸಿಕೊಂಡು ಬಂದು, ಅರಸನು ಶತ್ರುವನ್ನು ಹೀಗೆ ತಿವಿಯುವನೆಂದು ಅಭಿನಯಿಸಿಯೂ ತೋರಿಸಿದ. ಇನ್ನೂ ಒಬ್ಬನಿದ್ದ. ಮೀಕಾಯೆಹು ಎಂಬ ಅವನನ್ನು ಅರಸನು ಕರೆಸಿರಲಿಲ್ಲ. ತನ್ನ ವಿಷಯದಲ್ಲಿ ಅವನೆಂದೂ ಒಳ್ಳೆಯದನ್ನು ನುಡಿಯುವುದಿಲ್ಲವೆಂಬುದು ಅರಸನ ದೂರು. ಕರೆತರಲು ಹೋದ ದೂತ, ಉಳಿದವರಂತೆ ನೀನೂ ನುಡಿದರೆ ಕ್ಷೇಮವೆಂದು ದಾರಿಯಲ್ಲಿ ಬುದ್ಧಿ ಹೇಳಿದ. ಮೀಕಾಯೆಹು ಸೋಲನ್ನು ನುಡಿದ. ಕೊಂಬಿನ ಪ್ರವಾದಿ ಅವನ ಕೆನ್ನೆಗೆ ಹೊಡೆದ. ಅರಸನು ಸೆರೆಯಲ್ಲಿಟ್ಟು ಬರಿಯ ರೊಟ್ಟಿ-ನೀರು ಕೊಡುವಂತೆ ಆಜ್ಞಾಪಿಸಿದ. ವೇಷ ಮರೆಸಿಕೊಂಡು ಯುದ್ಧಕ್ಕೆ ಹೋದ ಅಹಾಬನು ಯಾರೋ ಗುರಿಯಿಲ್ಲದೆ ಬಿಟ್ಟ ಬಾಣಕ್ಕೆ ಬಲಿಯಾದನು.

ಅನ್ನದ ಋಣ ಈ ಇತಿಹಾಸದಲ್ಲಿ ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತದೆ. ಕ್ರಿ.ಪೂ. 8ನೆಯ ಶತಮಾನದ ನಡುಭಾಗದಲ್ಲಿ, ಇಮ್ಮಡಿ ಯಾರೊಬ್ಬಾಮನ ಆಳಿಕೆಯಲ್ಲಿ ಉತ್ತರದ ಇಸ್ರಾಯೇಲ್ ರಾಜ್ಯ ಸಮೃದ್ಧವಾಗಿತ್ತು. ರಾಜಧಾನಿ ಸಮಾರ್ಯದ ಉತ್ಖನನದಲ್ಲಿ ದೊರೆತಿರುವ, ಪೀಠೋಪಕರಣಗಳಿಗೆ ಕೂರಿಸುತ್ತಿದ್ದ ದಂತದ ಕೆತ್ತನೆಗಳು ಅಲ್ಲಿನ ಸಿರಿವಂತಿಕೆಗೆ ಸಾಕ್ಷಿ. ದಂತದ ಮಂಚಗಳ ಮೇಲೆ ಒರಗಿದವರನ್ನು ಖಂಡಿಸಲು ದಕ್ಷಿಣದ ತೆಕೋವ ಎಂಬ ಊರಿನಿಂದ ಬಂದವನು ಆಮೋಸ. ಸಾಲಕ್ಕೆ ಸಿಕ್ಕ ಬಡವರನ್ನು ಕ್ಷುಲ್ಲಕ ಬೆಲೆಗೆ ಮಾರುವುದು, ಧಾನ್ಯದ ಅಳತೆಯನ್ನು ಕಿರಿದಾಗಿಸಿ ತೂಕದ ಕಲ್ಲನ್ನು ಹಿರಿದಾಗಿಸುವುದು, ನ್ಯಾಯಸ್ಥಾನದಲ್ಲಿ ಲಂಚ ಪಡೆಯುವುದು ಇವು ಅವನು ಪಟ್ಟಿಮಾಡಿದ ಪಾಪಗಳು. ಇಂಥವರ ಉತ್ಸವವೂ ಹಾಡೂ ಬಲಿಯೂ ದೇವರಿಗೆ ಬೇಡವೆಂದು ಅವನು ಸಾರಿದಾಗ, ಬೇತೇಲಿನ ರಾಜದೇವಾಲಯದ ಯಾಜಕ ಅಮಚ್ಯನು ಅವನಿಗೆ ತವರುಸೀಮೆಗೆ ಹೋಗಿ ಅಲ್ಲಿ ಪ್ರವಾದನೆ ಮಾಡಿ ರೊಟ್ಟಿ ಸಂಪಾದಿಸಿಕೊಳ್ಳುವಂತೆ ಹೇಳಿದನು. ತಾನು ಪ್ರವಾದಿಯೂ ಅಲ್ಲ, ಪ್ರವಾದಿಮಂಡಲಿಗೆ ಸೇರಿದವನೂ ಅಲ್ಲ. ಕುರಿ ಕಾಯುವವನು, ಅತ್ತಿಯ ಹಣ್ಣನ್ನು ಮಾಗಿಸುವವನು ಎಂಬುದು ಆಮೋಸನ ಉತ್ತರ. ತನ್ನ ಅನ್ನಕ್ಕೆ ಬೇರೆ ಕಸುಬಿದೆ, ಆದುದರಿಂದ ತನ್ನ ನುಡಿಗೆ ಯಾರ ಹಂಗೂ ಇಲ್ಲ ಎಂಬ ಧ್ವನಿ ಅದರಲ್ಲಿದೆ. ಸಮಕಾಲೀನನೆನ್ನಬಹುದಾದ ಮೋರೆಷೆತಿನ ಮೀಕನು ಇನ್ನೂ ನಿಷ್ಠುರ. ಹೊಟ್ಟೆಗೆ ಹಾಕಿದವರಿಗೆ ಶುಭವನ್ನೂ ಹಾಕದವರಿಗೆ ಅಶುಭವನ್ನೂ ನುಡಿಯುವ ಪ್ರವಾದಿಗಳಿಗೆ ಕತ್ತಲು ಕವಿಯುವುದೆಂದು ಅವನು ಎಚ್ಚರಿಸಿದನು. ಆಮೋಸನ ಮಾತು ಬಹುಕಾಲ ಕಾಯಬೇಕಾಗಲಿಲ್ಲ. ಒಂದು ತಲೆಮಾರು ಕಳೆಯುತ್ತಿದ್ದಂತೆ, ಕ್ರಿ.ಪೂ. 722ರ ಸುಮಾರಿಗೆ, ಸಮಾರ್ಯ ಅಸ್ಸೀರಿಯರ ವಶವಾಯಿತು.

ನಿಜವಾದ ಪ್ರವಾದಿಯನ್ನು ಗುರುತಿಸಲು ಧರ್ಮೋಪದೇಶಕಾಂಡ ಎರಡು ಪರೀಕ್ಷೆಗಳನ್ನು ಹೇಳುತ್ತದೆ. ನುಡಿದದ್ದು ನಡೆಯದಿದ್ದರೆ ಅದು ದೇವರ ನುಡಿಯಲ್ಲ; ನುಡಿದದ್ದು ನಡೆದರೂ ಅನ್ಯದೇವತೆಗಳ ಕಡೆಗೆ ಸೆಳೆದರೆ ಅವನನ್ನು ನಂಬಬಾರದು. ಕೇಳಲು ಸ್ಪಷ್ಟವಾಗಿರುವ ಈ ಪರೀಕ್ಷೆಗಳು ಸಂಕಟದ ಗಳಿಗೆಯಲ್ಲಿ ಕೆಲಸಕ್ಕೆ ಬರುವುದು ಕಷ್ಟ. ನುಡಿ ನಡೆಯುವವರೆಗೆ ಕಾದರೆ ಊರೇ ಉಳಿಯದಿರಬಹುದು. ಅಲ್ಲದೆ, ಎಚ್ಚರಿಕೆಯ ನುಡಿಗೆ ಕಿವಿಗೊಟ್ಟು ಜನ ತಿದ್ದಿಕೊಂಡರೆ ವಿನಾಶ ತಪ್ಪುತ್ತದೆ. ಆಗ ಪ್ರವಾದಿ ಸುಳ್ಳನಾದನೇ? ಯೋನನ ಗ್ರಂಥ ಈ ಪ್ರಶ್ನೆಯನ್ನೇ ನವುರಾದ ಹಾಸ್ಯದಲ್ಲಿ ಎತ್ತಿಕೊಳ್ಳುತ್ತದೆ. ನಲವತ್ತು ದಿನಗಳಲ್ಲಿ ನಿನೆವೆ ನಾಶವಾಗುವುದೆಂದು ಯೋನನು ಸಾರುತ್ತಾನೆ; ಊರಿಗೆ ಊರೇ, ದನಕರುಗಳ ಸಮೇತ, ಗೋಣಿತಟ್ಟು ಹೊದ್ದು ಪಶ್ಚಾತ್ತಾಪಪಡುತ್ತದೆ; ದೇವರು ಮನಕರಗಿ ಊರನ್ನು ಉಳಿಸುತ್ತಾನೆ. ತನ್ನ ಮಾತು ಸುಳ್ಳಾಯಿತೆಂದು ಸಿಟ್ಟಾಗಿ ಕುಳಿತವನು ಪ್ರವಾದಿಯೊಬ್ಬನೇ. ಯೆಹೂದ್ಯರು ಪ್ರಾಯಶ್ಚಿತ್ತದ ಮಹಾದಿನದಂದು ಇಂದಿಗೂ ಈ ಗ್ರಂಥವನ್ನು ಪಠಿಸುತ್ತಾರೆ.

ಕಥೆಯಲ್ಲಿ ಹಾಸ್ಯವಾಗಿದ್ದುದು ಯೆರೂಸಲೇಮಿನ ನ್ಯಾಯಸಭೆಯಲ್ಲಿ ಜೀವನ್ಮರಣದ ವಿಷಯವಾಯಿತು. ಕ್ರಿ.ಪೂ. 609ರಲ್ಲಿ ಯೆಹೋಯಾಕೀಮನು ಯೆಹೂದ ರಾಜ್ಯದ ಪಟ್ಟಕ್ಕೆ ಬಂದ ಹೊಸತರಲ್ಲಿ ಯೆರೆಮೀಯನು ದೇವಾಲಯದ ಅಂಗಳದಲ್ಲಿ ನಿಂತು, ಜನ ತಮ್ಮ ನಡತೆಯನ್ನು ತಿದ್ದಿಕೊಳ್ಳದಿದ್ದರೆ ಈ ದೇವಾಲಯವೂ ಉಳಿಯದೆಂದು ಸಾರಿದನು. ಯಾಜಕರೂ ಪ್ರವಾದಿಗಳೂ ಅವನನ್ನು ಹಿಡಿದು ಮರಣದಂಡನೆಗೆ ಒತ್ತಾಯಿಸಿದರು. ಆಗ ನಾಡಿನ ಹಿರಿಯರಲ್ಲಿ ಕೆಲವರು ಎದ್ದು ಹಳೆಯದೊಂದು ನಿದರ್ಶನವನ್ನು ಮುಂದಿಟ್ಟರು. ನೂರು ವರ್ಷಗಳ ಹಿಂದೆ ಮೀಕನೂ ಈ ಊರು ಹಾಳುದಿಬ್ಬವಾಗುವುದೆಂದು ನುಡಿದಿದ್ದ, ಅರಸ ಹಿಜ್ಕೀಯನು ಅವನನ್ನು ಕೊಲ್ಲಲಿಲ್ಲ, ದೇವರಿಗೆ ಅಂಜಿ ನಡೆದ, ಕೇಡು ತಪ್ಪಿತು. ಮೀಕನ ನುಡಿ ನಡೆದಿರಲಿಲ್ಲ. ಆದರೂ ಆ ಹಿರಿಯರ ನೆನಪಿನಲ್ಲಿ ಅವನು ಸುಳ್ಳುಪ್ರವಾದಿಯಾಗಿ ಉಳಿದಿರಲಿಲ್ಲ. ನಡೆಯದೆ ಹೋದುದೇ ಅವನ ನುಡಿಯ ಸಾರ್ಥಕ್ಯವೆಂದು ಅವರು ತಿಳಿದಿದ್ದರು. ಯೆರೆಮೀಯನು ಅಂದು ಬದುಕಿಕೊಂಡನು. ಇಂಥದೇ ಮಾತನ್ನಾಡಿದ ಊರೀಯನೆಂಬ ಇನ್ನೊಬ್ಬ ಪ್ರವಾದಿಗೆ ಆ ಭಾಗ್ಯವಿರಲಿಲ್ಲ. ಐಗುಪ್ತಕ್ಕೆ ಓಡಿಹೋಗಿದ್ದ ಅವನನ್ನು ಅರಸನು ಹಿಡಿದು ತರಿಸಿ ಕತ್ತಿಗೆ ಗುರಿಮಾಡಿದನು.

ಎಲ್ಲಕ್ಕಿಂತ ಕಠಿನವಾದ ಪರೀಕ್ಷೆ ಹನನ್ಯನ ರೂಪದಲ್ಲಿ ಬಂದಿತು. ಕ್ರಿ.ಪೂ. 597ರಲ್ಲಿ ಬಾಬೆಲಿನ ನೆಬೂಕದ್ನೆಚ್ಚರನು ಯೆರೂಸಲೇಮಿನ ಅರಸನನ್ನೂ ಗಣ್ಯರನ್ನೂ ದೇವಾಲಯದ ಪಾತ್ರೆಗಳನ್ನೂ ಒಯ್ದು, ಚಿದ್ಕೀಯನನ್ನು ಪಟ್ಟದಲ್ಲಿ ಕೂರಿಸಿದ್ದನು. ಕೆಲವು ವರ್ಷಗಳ ನಂತರ ಬಾಬೆಲಿನ ವಿರುದ್ಧ ದಂಗೆಯ ಮಾತು ಏಳುತ್ತಿದ್ದಾಗ ಯೆರೆಮೀಯನು ಮರದ ನೊಗವನ್ನು ಹೆಗಲ ಮೇಲೆ ಹೊತ್ತು ತಿರುಗಿದನು. ಬಾಬೆಲಿನ ನೊಗಕ್ಕೆ ತಲೆಬಾಗಿದರೆ ಮಾತ್ರ ನಾಡು ಉಳಿಯುವುದೆಂಬುದು ಅದರ ಅರ್ಥ. ಗಿಬ್ಯೋನಿನ ಹನನ್ಯನು ಜನಸಮೂಹದ ಮುಂದೆ ಅದೇ ದೇವರ ಹೆಸರಿನಲ್ಲಿ, ಎರಡು ವರ್ಷಗಳೊಳಗೆ ಪಾತ್ರೆಗಳೂ ಸೆರೆಹೋದವರೂ ಹಿಂದಿರುಗುವರೆಂದು ನುಡಿದು, ಆ ನೊಗವನ್ನು ಕಿತ್ತು ಮುರಿದನು. ಹನನ್ಯನನ್ನು ವಂಚಕನೆಂದು ತಳ್ಳಿಹಾಕುವುದು ಸುಲಭ. ಆದರೆ ಅವನ ಬೆನ್ನಿಗೆ ದೊಡ್ಡ ಪರಂಪರೆಯಿತ್ತು. ಕ್ರಿ.ಪೂ. 701ರಲ್ಲಿ ಅಸ್ಸೀರಿಯದ ಸನ್ಹೇರೀಬನು ಮುತ್ತಿಗೆ ಹಾಕಿದಾಗ ಈ ಊರು ಬೀಳದೆಂದು ಯೆಶಾಯನು ನುಡಿದಿದ್ದ, ಊರು ಬೀಳಲಿಲ್ಲ. ಹನನ್ಯನು ಆ ಭರವಸೆಯನ್ನೇ ಒಂದು ಶತಮಾನದ ನಂತರ ಮತ್ತೆ ನುಡಿದನು. ಯೆಶಾಯನ ಬಾಯಲ್ಲಿ ಸತ್ಯವಾಗಿದ್ದ ಮಾತು ಹನನ್ಯನ ಬಾಯಲ್ಲಿ ಸುಳ್ಳಾಯಿತು. ಮಾತು ಅದೇ, ಬದಲಾದುದು ಕಾಲ ಮತ್ತು ಜನರ ನಡತೆ.

ಈ ಎದುರುಬದುರಿನಲ್ಲಿ ಯೆರೆಮೀಯನು ನಡೆದುಕೊಂಡ ಬಗೆ ಗಮನಾರ್ಹವಾದುದು. ಹನನ್ಯನ ಮಾತು ನಿಜವಾಗಲಿ ಎಂದೇ ಅವನು ಮೊದಲು ಹಾರೈಸಿದನು. ಆಮೇಲೆ ಒಂದು ವಿವೇಕವನ್ನು ನೆನಪಿಸಿದನು: ಹಿಂದಿನಿಂದ ಬಂದ ಪ್ರವಾದಿಗಳು ನುಡಿದದ್ದು ಯುದ್ಧ, ಕ್ಷಾಮ, ವ್ಯಾಧಿಗಳನ್ನು, ಸಮಾಧಾನವನ್ನು ನುಡಿಯುವವನ ಮಾತು ನಡೆದು ತೋರಿದಾಗಲೇ ಅವನನ್ನು ನಂಬಬೇಕು. ಜನ ಬಯಸುವುದನ್ನೇ ನುಡಿಯುವವನ ಮೇಲೆ ಸಾಕ್ಷ್ಯದ ಹೊರೆ ಹೆಚ್ಚು ಎಂಬುದು ಇದರ ತಾತ್ಪರ್ಯ. ನೊಗವನ್ನು ಮುರಿದಾಗ ಅವನು ಪ್ರತಿಮಾತಾಡದೆ ಹೊರಟುಹೋದನು. ಮುಂದಿನ ನುಡಿ ಬಂದದ್ದು ಆಮೇಲೆ. ನುಡಿ ತನ್ನದಲ್ಲ ಎಂದು ನಂಬಿದವನು ಮಾತ್ರ ಅಷ್ಟು ಜನರ ಮುಂದೆ ಸುಮ್ಮನಿರಬಲ್ಲನು.

ನುಡಿಯನ್ನು ಅರಸನು ಸುಟ್ಟ ಪ್ರಸಂಗವೂ ಯೆರೆಮೀಯನ ಗ್ರಂಥದಲ್ಲಿಯೇ ಇದೆ. ಹನನ್ಯನ ಘಟನೆಗೆ ಹತ್ತು ವರ್ಷ ಮೊದಲು, ಯೆಹೋಯಾಕೀಮನ ಕಾಲದಲ್ಲಿ, ಯೆರೆಮೀಯನು ಹೇಳಿ ಬರೆಯಿಸಿದ ಸುರುಳಿಯನ್ನು ಲಿಪಿಕಾರ ಬಾರೂಕನು ದೇವಾಲಯದಲ್ಲಿ, ಶಾಫಾನನ ಮಗ ಗೆಮರ್ಯನ ಕೊಠಡಿಯಿಂದ ಓದಿದನು. ಸುರುಳಿ ಅರಮನೆಯನ್ನು ಮುಟ್ಟಿತು. ಚಳಿಗಾಲ, ಅರಸನ ಮುಂದೆ ಅಗ್ಗಿಷ್ಟಿಕೆ ಉರಿಯುತ್ತಿತ್ತು. ಮೂರು ನಾಲ್ಕು ಅಂಕಣಗಳನ್ನು ಓದಿದಂತೆಲ್ಲ ಅರಸನು ಲಿಪಿಕಾರನ ಚೂರಿಯಿಂದ ಅವನ್ನು ಕತ್ತರಿಸಿ ಬೆಂಕಿಗೆ ಹಾಕಿದನು. ಬೇಡವೆಂದು ಬಿನ್ನವಿಸಿದವರಲ್ಲಿ ಗೆಮರ್ಯನೂ ಒಬ್ಬ. ಯೆರೆಮೀಯನು ಮತ್ತೊಂದು ಸುರುಳಿಯನ್ನು ಬರೆಯಿಸಿದನು. ಅದು ಮೊದಲಿನದಕ್ಕಿಂತ ದೊಡ್ಡದಾಗಿತ್ತು. 1982ರಲ್ಲಿ ಯೆರೂಸಲೇಮಿನ ದಾವೀದನಗರಿಯ ಉತ್ಖನನದಲ್ಲಿ, ಬಾಬೆಲಿನವರು ಸುಟ್ಟ ಕಟ್ಟಡದ ಅವಶೇಷಗಳ ನಡುವೆ, ಪತ್ರಗಳಿಗೆ ಒತ್ತಿದ್ದ ಮಣ್ಣಿನ ಮುದ್ರೆಗಳ ರಾಶಿ ಸಿಕ್ಕಿತು. ಅವುಗಳಲ್ಲೊಂದರ ಮೇಲೆ ಶಾಫಾನನ ಮಗ ಗೆಮರ್ಯನ ಹೆಸರಿದೆ. ಪತ್ರಗಳೆಲ್ಲ ಉರಿದುಹೋದವು, ಅದೇ ಉರಿಯಲ್ಲಿ ಬೆಂದು ಮಣ್ಣಿನ ಮುದ್ರೆ ಗಟ್ಟಿಯಾಗಿ ಉಳಿಯಿತು. ಲಾಕೀಷ್ ಕೋಟೆಯಲ್ಲಿ 1935ರಲ್ಲಿ ದೊರೆತ ಮಡಕೆಚೂರುಗಳ ಮೇಲಿನ ಪತ್ರಗಳು ಆ ಕೊನೆಯ ದಿನಗಳವೇ. ಅವುಗಳಲ್ಲೊಂದು, ಹೆಸರು ಹೇಳದ ಪ್ರವಾದಿಯೊಬ್ಬನಿಂದ ಬಂದ ಎಚ್ಚರಿಕೆಯನ್ನು ಪ್ರಸ್ತಾಪಿಸುತ್ತದೆ.

ಮುತ್ತಿಗೆಯ ಕಾಲದಲ್ಲಿ ಯೆರೆಮೀಯನನ್ನು ದೇಶದ್ರೋಹಿಯೆಂದು ಕೆಸರು ತುಂಬಿದ ಬಾವಿಗೆ ಇಳಿಸಿದರು. ಹಗ್ಗ ಕೊರೆಯದಂತೆ ಕಂಕುಳಿಗೆ ಹಳೆಯ ಬಟ್ಟೆಯ ಚಿಂದಿಗಳನ್ನು ಕೊಟ್ಟು ಅವನನ್ನು ಮೇಲೆತ್ತಿಸಿದವನು ಎಬೆದ್ಮೆಲೆಕನೆಂಬ ಕೂಷ್ ದೇಶದ ಅರಮನೆಯ ಸೇವಕ, ಸ್ವದೇಶದ ಪ್ರವಾದಿಗಳಲ್ಲ. ಕ್ರಿ.ಪೂ. 586ರ ಸುಮಾರಿಗೆ ಊರೂ ದೇವಾಲಯವೂ ಉರಿದವು. ಅರಸನಿಗೆ ಪ್ರಿಯವಾಗಿ ನುಡಿದವರ ಗ್ರಂಥಗಳು ಉಳಿಯಲಿಲ್ಲ. ಜನರನ್ನು ಜರೆದವರ ನುಡಿಗಳನ್ನು ಆ ಜನರೇ ಸೆರೆಯ ನಾಡಿನಲ್ಲಿ ಕೂಡಿಸಿ, ಪ್ರತಿಮಾಡಿ ಕಾಪಾಡಿದರು. ಹೀಬ್ರೂ ಬೈಬಲಿನ ಮೂರು ಭಾಗಗಳಲ್ಲಿ ನಡುವಿನದಕ್ಕೆ ‘ನೆವೀಯೀಮ್’, ಅಂದರೆ ಪ್ರವಾದಿಗಳು, ಎಂದೇ ಹೆಸರು. ಯೆಹೋಶುವನಿಂದ ಅರಸುಗಳವರೆಗಿನ ಇತಿಹಾಸಗ್ರಂಥಗಳನ್ನೂ ಅದರಲ್ಲಿಯೇ ಸೇರಿಸಲಾಗಿದೆ. ಜಗತ್ತಿನ ಅನೇಕ ಜನಾಂಗಗಳು ತಮ್ಮ ಗೆಲುವುಗಳನ್ನು ಕಲ್ಲಿನಲ್ಲಿ ಕೊರೆಸಿದವು. ಇವರು ತಮ್ಮ ಸೋಲಿನ ಕಾರಣವನ್ನು ಶಾಸ್ತ್ರವಾಗಿ ಓದಿಕೊಂಡರು.

ಯೆರೆಮೀಯನ ಗ್ರಂಥದಲ್ಲಿ ಇನ್ನೊಂದು ಪ್ರಸಂಗವಿದೆ. ಮುತ್ತಿಗೆ ಬಿಗಿಯಾಗಿದ್ದ ದಿನಗಳಲ್ಲಿ, ಅವನು ಕಾವಲಿನ ಅಂಗಳದಲ್ಲಿ ಸೆರೆಯಾಗಿದ್ದಾಗ, ಚಿಕ್ಕಪ್ಪನ ಮಗ ಹನಮೇಲನು ಬಂದು ಅನಾತೋತಿನಲ್ಲಿರುವ ಹೊಲವನ್ನು ಕೊಂಡುಕೊಳ್ಳುವಂತೆ ಕೇಳಿದನು. ಸಮೀಪದ ಬಂಧುವಿಗೆ ಕೊಳ್ಳುವ ಹಕ್ಕೂ ಹೊಣೆಯೂ ಇತ್ತು. ಸುತ್ತಣ ನಾಡೆಲ್ಲ ಶತ್ರುಸೈನ್ಯದ ಕೈಯಲ್ಲಿದ್ದಾಗ ಆ ಹೊಲಕ್ಕೆ ಕವಡೆಯ ಬೆಲೆಯೂ ಇರಲಿಲ್ಲ. ನಾಡು ಬೀಳುವುದೆಂದು ನಲವತ್ತು ವರ್ಷ ನುಡಿದವನಿಗೆ ಅದು ಎಲ್ಲರಿಗಿಂತ ಚೆನ್ನಾಗಿ ತಿಳಿದಿತ್ತು. ಆದರೂ ಅವನು 17 ಶೆಕೆಲ್ ಬೆಳ್ಳಿಯನ್ನು ತಕ್ಕಡಿಯಲ್ಲಿ ತೂಗಿ ಕೊಟ್ಟನು. ಸಾಕ್ಷಿಗಳು ಸಹಿ ಹಾಕಿದರು. ಮುದ್ರೆಯೊತ್ತಿದ ಕ್ರಯಪತ್ರವನ್ನೂ ತೆರೆದ ಪ್ರತಿಯನ್ನೂ ಬಹುಕಾಲ ಉಳಿಯುವಂತೆ ಮಣ್ಣಿನ ಗಡಿಗೆಯಲ್ಲಿಡಲು ಬಾರೂಕನಿಗೆ ಹೇಳಿದನು. ಈ ನಾಡಿನಲ್ಲಿ ಮತ್ತೆ ಮನೆ, ಹೊಲ, ದ್ರಾಕ್ಷಿತೋಟಗಳ ಕ್ರಯವಿಕ್ರಯ ನಡೆಯುವುದೆಂಬುದು ಅದರ ಅರ್ಥ.

ಹನನ್ಯನು ನುಡಿದದ್ದೂ ಭರವಸೆಯೇ. ಅದಕ್ಕಾಗಿ ಅವನು ಮುರಿದದ್ದು ಇನ್ನೊಬ್ಬನ ಹೆಗಲ ಮೇಲಿನ ನೊಗವನ್ನು. ಯೆರೆಮೀಯನು ಭರವಸೆಯನ್ನು ನುಡಿದಾಗ ತನ್ನ ಬೆಳ್ಳಿಯನ್ನೇ ತೂಗಿದನು. ಸಮುವೇಲನಿಗೆಂದು ಕಾಲು ಶೆಕೆಲ್ ಹಿಡಿದು ಹೊರಟವರ ಕಾಲದಲ್ಲಿ ಕೇಳುವವನು ನುಡಿಯ ಬೆಲೆಯನ್ನು ತೆರುತ್ತಿದ್ದ. ಇಲ್ಲಿ ನುಡಿದವನೇ ತೆತ್ತನು. ಸತ್ಯವನ್ನೂ ಸುಳ್ಳನ್ನೂ ಬೇರ್ಪಡಿಸಲು ಇದಕ್ಕಿಂತ ನೆಚ್ಚತಕ್ಕ ಗುರುತನ್ನು ಆ ಗ್ರಂಥಗಳು ಕೊಡುವುದಿಲ್ಲ. ಆ ಹೊಲವನ್ನು ಉಳುವ ದಿನ ಅವನಿಗೆ ಬರಲಿಲ್ಲ. ಊರು ಬಿದ್ದ ಮೇಲೆ ಅಳಿದುಳಿದ ಜನರು ಅವನ ಮಾತನ್ನು ಮೀರಿ ಐಗುಪ್ತಕ್ಕೆ ಹೊರಟಾಗ ಅವನನ್ನೂ ಬಾರೂಕನನ್ನೂ ಜೊತೆಗೆ ಕರೆದೊಯ್ದರು. ಅಲ್ಲಿಯೂ ಅವನು ಅವರಿಗೆ ಎಚ್ಚರಿಕೆಯನ್ನೇ ನುಡಿದನು. ಅಲ್ಲಿಂದಾಚೆಗೆ ಗ್ರಂಥ ಅವನ ಬಗೆಗೆ ಏನನ್ನೂ ಹೇಳುವುದಿಲ್ಲ.